ಟ್ರಯಲ್‌ಗೆ ಹೊಡೆದ ಮ್ಯಾಟರ್

ಅಮ್ಮ ಮಣಿಪಾಲದ ಆಸ್ಪತ್ರೆಯ ಐಸಿಯುನಲ್ಲಿದ್ದ ಹನ್ನೊಂದು ದಿನವೂ ನಾನು ಹೊರಗಿನ ಕಾರಿಡಾರಿನಲ್ಲಿ ಕೂತಿದ್ದೆ. ಕಬ್ಬಿಣದ ಕುರ್ಚಿಗಳ ಸಾಲಿನಲ್ಲಿ ಮೂರನೆಯದು ನನ್ನದು. ಐದನೆಯ ದಿನದ ಹೊತ್ತಿಗೆ ಉಳಿದ ರೋಗಿಗಳ ಮನೆಯವರೂ ಅದನ್ನು ಒಪ್ಪಿಕೊಂಡಿದ್ದರು. ನಾನು ಚಹಾ ಕುಡಿಯಲು ಹೋದಾಗಲೂ ಅದರಲ್ಲಿ ಯಾರೂ ಕೂರುತ್ತಿರಲಿಲ್ಲ. ಐಸಿಯು ಬಾಗಿಲಿನ ಮೇಲೆ 'ಒಳಗೆ ಮೊಬೈಲ್ ಬಳಸಬಾರದು' ಎಂಬ ಫಲಕವಿತ್ತು. ಮೊದಲ ಎರಡು ಪದಗಳ ನಡುವೆ ಜಾಗ ತುಸು ಹೆಚ್ಚಾಗಿತ್ತು. ದಿನಕ್ಕೆ ನೂರು ಸಲ ನನ್ನ ಕಣ್ಣು ಹೋಗುತ್ತಿದ್ದುದು ಆ ಜಾಗಕ್ಕೇ. ಒಳಗೆ ಹೆತ್ತವಳು ಮಲಗಿದ್ದಾಳೆ, ಹೊರಗೆ ಮಗಳು ಪದಗಳ ಅಂತರ ಅಳೆಯುತ್ತಿದ್ದಾಳೆ. ಮೂವತ್ತು ವರ್ಷ ಅದೇ ಕೆಲಸ ಮಾಡಿದರೆ ಇನ್ನೇನಾಗುತ್ತದೆ.

ಕಾಪುವಿನಲ್ಲಿ ನನ್ನದೊಂದು ಡಿಟಿಪಿ ಅಂಗಡಿ ಇದೆ. ಮದುವೆಯ ಕಾಗದ, ಗೃಹಪ್ರವೇಶದ ಕಾಗದ, ಯಕ್ಷಗಾನದ ಕರಪತ್ರ, ಮತ್ತೆ ಬೊಜ್ಜದ ಕಾಗದ. ಸತ್ತವರ ಉತ್ತರಕ್ರಿಯೆಗೆ ನಮ್ಮ ಕಡೆ ಬೊಜ್ಜ ಎನ್ನುತ್ತಾರೆ. ನಮ್ಮ ಕಂಪ್ಯೂಟರಿನಲ್ಲಿ ಎರಡೇ ಫೋಲ್ಡರ್: ಒಂದರ ಹೆಸರು 'ಶುಭ', ಇನ್ನೊಂದರದು 'ಇತರ'. 'ಇತರ'ದಲ್ಲಿ ಏನಿದೆ ಎಂದು ನಾವು ಗಿರಾಕಿಗಳಿಗೆ ಹೇಳುವುದಿಲ್ಲ, ಅವರೂ ಕೇಳುವುದಿಲ್ಲ.

ಅಂಗಡಿಯಲ್ಲಿ ನನ್ನ ಜೊತೆ ಹದಿನಾಲ್ಕು ವರ್ಷಗಳಿಂದ ಒಬ್ಬಳು ಕೆಲಸ ಮಾಡುತ್ತಿದ್ದಾಳೆ. ಬ್ಯಾರಿ ಮುಸ್ಲಿಮರವಳು, ಗಂಡ ದುಬೈಯಲ್ಲಿ. ಝೆರಾಕ್ಸ್, ಲ್ಯಾಮಿನೇಷನ್, ಪ್ರೂಫ್ ಎಲ್ಲ ಅವಳದೇ. ನನ್ನನ್ನು ಅಕ್ಕ ಎನ್ನುತ್ತಾಳೆ. ನಾವಿಬ್ಬರೂ ಮಾತನಾಡುವುದು ತುಳುವಿನಲ್ಲಿ, ಗಿರಾಕಿಗಳ ಎದುರು ಕನ್ನಡದಲ್ಲಿ. ಇಲ್ಲಿ ಎಲ್ಲವನ್ನೂ ಕನ್ನಡದಲ್ಲೇ ಬರೆಯುತ್ತಿದ್ದೇನೆ. ಅಮ್ಮ ಕಾರ್ಕಳದಲ್ಲಿ ಅಣ್ಣನ ಜೊತೆ ಇದ್ದಳು. ತಿಂಗಳಿಗೊಮ್ಮೆ ಕಾಪುವಿಗೆ ಬಂದರೆ ನನಗಿಂತ ಹೆಚ್ಚು ಮಾತು ಇವಳ ಜೊತೆ. ಇವಳಿಗೆಂದು ಹಲಸಿನ ಹಪ್ಪಳ ತರುತ್ತಿದ್ದಳು. ನನಗೆ ಬೇಕಾದರೆ ಕೇಳಿ ತೆಗೆದುಕೊಳ್ಳಬೇಕಿತ್ತು.

ಬಟ್ಟೆ ಒಣಗಿಸುತ್ತಿದ್ದಾಗ ಅಮ್ಮ ಅಂಗಳದಲ್ಲೇ ಬಿದ್ದಳು. ಸ್ಟ್ರೋಕ್ ಎಂದರು. ಹಗಲು ಆಸ್ಪತ್ರೆಯಲ್ಲಿ ನಾನು, ಸಂಜೆಯ ನಂತರ ಕಾರ್ಕಳದಿಂದ ಬಂದ ಅಣ್ಣ. ಕಾಪುವಿನ ಅಂಗಡಿ ಪೂರ್ತಿ ಅವಳ ಮೇಲೆ ಬಿತ್ತು.

ಅದೇ ವಾರ ಅಂಗಡಿಯ ಕಂಪ್ಯೂಟರೂ ಕೈಕೊಟ್ಟಿತು. ಅದೇನು ಇಂದು ನಿನ್ನೆಯದಲ್ಲ. ಉಡುಪಿಯಿಂದ ಬರುವ ರಿಪೇರಿಯವನು ನೋಡಿ, ಇದರ ಹಳೆಯ ವಿಂಡೋಸಿಗೆ ಇನ್ನು ಅಪ್‌ಡೇಟ್ ಬರುವುದಿಲ್ಲ, ಹೊಸದನ್ನು ಹಾಕಿದರೆ ಈ ಯಂತ್ರ ಎಳೆಯುವುದಿಲ್ಲ, ವಿಂಡೋಸಿನ ಬದಲು ಲಿನಕ್ಸ್ ಹಾಕುವ ಎಂದ. ನಾನು ಆಸ್ಪತ್ರೆಯಲ್ಲಿದ್ದೇನೆ, ಈಗ ಬೇಡ ಎಂದೆ. ಅವನು ಬಿಡುವ ಪೈಕಿಯಲ್ಲ.

"ಹಾಕುವುದು ಬೇಡ ಅಕ್ಕ. ಪೆನ್‌ಡ್ರೈವಿನಿಂದ ಓಡಿಸಿ ಇಡ್ತೇನೆ. ನೀವು ಅಲ್ಲಿಂದಲೇ ಟ್ಯಾಬ್‌ನಲ್ಲಿ ಟ್ರಯಲ್ ನೋಡಿ. ನಿಮ್ಮ ಹಳೆಯದಕ್ಕೆ ಎಂತ ಸಹ ಆಗುವುದಿಲ್ಲ. ಒಂದೇ ಒಂದು, ಇದರಲ್ಲಿ ಮಾಡಿದ್ದು ಉಳಿಯುವುದಿಲ್ಲ. ಆಫ್ ಮಾಡಿದರೆ ಎಲ್ಲ ಹೋಗುತ್ತದೆ."

ಆಯಿತು ಎಂದೆ. ಆ ದಿನಗಳಲ್ಲಿ ನಾನು ಎಲ್ಲದಕ್ಕೂ ಆಯಿತು ಎನ್ನುತ್ತಿದ್ದೆ. ಡಾಕ್ಟರಿಗೂ ಹಾಗೇ, ಔಷಧಿ ಕೌಂಟರಿಗೂ ಹಾಗೇ.

ಟ್ಯಾಬ್ ಅಣ್ಣನ ಮಗಳದು, ಒಂದು ಮೂಲೆ ಬಿರುಕು ಬಿಟ್ಟಿತ್ತು. ರಿಪೇರಿಯವನು ಫೋನಿನಲ್ಲಿ ಹೇಳಿದಂತೆ ಒತ್ತುತ್ತಾ ಹೋದೆ. ಕಾಪುವಿನ ಅಂಗಡಿಯ ಪರದೆ ಮಣಿಪಾಲದಲ್ಲಿ ನನ್ನ ತೊಡೆಯ ಮೇಲೆ ತೆರೆದುಕೊಂಡಿತು. ನೀಲಿ ಗುಡ್ಡದ ಒಂದು ಚಿತ್ರ, ಕೆಳಗೆ ನಾಲ್ಕಾರು ಗುರುತುಗಳು. ನನ್ನ ಬೆರಳು ಹೋದ ಕಡೆಗೆ ಬಾಣ ಒಂದು ಕ್ಷಣ ತಡವಾಗಿ ಬರುತ್ತಿತ್ತು. ಮೌಸಿಗೆಂದು ಮಾಡಿದ ಗುಂಡಿಗಳು ನನ್ನ ಬೆರಳ ತುದಿಗಿಂತ ಸಣ್ಣವು. ಮುಚ್ಚಲು ಹೋದರೆ ದೊಡ್ಡದಾಗುತ್ತಿತ್ತು, ದೊಡ್ಡದು ಮಾಡಲು ಹೋದರೆ ಮಾಯವಾಗುತ್ತಿತ್ತು. ಅಕ್ಷರ ಹೊಡೆಯಲು ಹೊರಟರೆ ಕೀಲಿಮಣೆ ಎದ್ದು ಬಂದು ಅರ್ಧ ಪರದೆಯನ್ನು ನುಂಗುತ್ತಿತ್ತು. ಬೈದುಕೊಂಡೆ. ಆದರೂ ಅದು ಕೆಲಸ, ಮಾಡಿದರೆ ಮುಗಿಯುವಂಥದ್ದು. ಬಾಗಿಲಿನ ಆಚೆ ನಡೆಯುತ್ತಿದ್ದುದಕ್ಕೆ ನಾನು ಮಾಡುವಂಥದ್ದು ಏನೂ ಇರಲಿಲ್ಲ.

ಅಂಗಡಿಯಿಂದ ಅವಳ ಫೋನ್ ಬಂತು. "ಅಕ್ಕ, ಇಲ್ಲಿ ಬಾಣ ತನ್ನಷ್ಟಕ್ಕೇ ಓಡ್ತಾ ಉಂಟು. ಇದಕ್ಕೆ ಜಿನ್ನು ಹಿಡಿದಿದೆಯಾ ಎಂತ?"

"ನಾನು ಮಾರಾಯ್ತಿ."

"ನೀವಾ? ಹಾಗಾದರೆ ಪರವಾಗಿಲ್ಲ. ಜಿನ್ನಾದರೆ ಸಂಬಳ ಕೇಳ್ತದೆ."

ನಗಬೇಕಿತ್ತು. ನಗು ಬರಲಿಲ್ಲ, ಅಳುವೂ ಬಂದಿರಲಿಲ್ಲ. ಅಮ್ಮ ಬಿದ್ದ ದಿನದಿಂದ ನನ್ನೊಳಗೆ ಏನೂ ಅಲುಗುತ್ತಿರಲಿಲ್ಲ. ಅಣ್ಣ ದಿನಾ ಬಂದವನೇ ಕಾರಿಡಾರಿನ ಕೊನೆಗೆ ಹೋಗಿ ಗೋಡೆಗೆ ಮುಖ ಮಾಡಿ ಅತ್ತು ಬರುತ್ತಿದ್ದ. ನಾನು ಅವನ ಚೀಲ ಹಿಡಿದುಕೊಂಡು ನಿಲ್ಲುತ್ತಿದ್ದೆ. ನನಗೆ ನನ್ನ ಬಗ್ಗೆ ನಾಚಿಕೆಯಾಗಬೇಕಿತ್ತು. ಅದೂ ಆಗಲಿಲ್ಲ.

ಒಂಬತ್ತನೆಯ ದಿನ ಬೆಳಿಗ್ಗೆ ಡಾಕ್ಟರು, ನಿಮ್ಮವರಿಗೆಲ್ಲ ಒಂದು ಮಾತು ಹೇಳಿಡಿ ಎಂದರು. ಆಯಿತು ಎಂದೆ. ಬಂದು ಮೂರನೆಯ ಕುರ್ಚಿಯಲ್ಲಿ ಕೂತು ಟ್ಯಾಬ್ ತೆರೆದೆ. ಮಧ್ಯಾಹ್ನವಾಗಿತ್ತು, ಅವಳು ನಮಾಜು, ಊಟ ಎಂದು ಮನೆಗೆ ಹೋಗುವ ಹೊತ್ತು. ಹಳೆಯ ಕಾಗದವೊಂದನ್ನು ಹೊಸ ವ್ಯವಸ್ಥೆಯಲ್ಲಿ ತೆರೆದು ನೋಡಿದೆ. ನಮ್ಮ ಹಳೆಯ ಅಕ್ಷರಗಳು ಅದಕ್ಕೆ ಗೊತ್ತಿಲ್ಲ. ಇಂಗ್ಲಿಷಿನ ಅಕ್ಷರಗಳು, ಚುಕ್ಕಿ, ಗೀಟುಗಳ ಕಲಸುಮೇಲೋಗರ ಬಂತು. ಸರಿ, ಹೊಸದಾಗಿ ಹೊಡೆದೇ ನೋಡಬೇಕು ಎಂದುಕೊಂಡೆ.

ನಾನು ಕೆಲಸ ಕಲಿತ ಉಡುಪಿಯ ಮುದ್ರಣಾಲಯದ ಯಜಮಾನರು ಮೊದಲ ದಿನವೇ ಒಂದು ಮಾತು ಹೇಳಿದ್ದರು. "ಟ್ರಯಲ್‌ಗೆ ಯಾವಾಗಲೂ ಮದುವೆ ಕಾಗದ ಹೊಡಿ. ಇನ್ನೊಂದನ್ನು ಹೊಡೆಯಬೇಡ. ಹೊಡೆದರೂ ಬದುಕಿರುವವರ ಹೆಸರು ಹಾಕಬೇಡ." ಮೂವತ್ತು ವರ್ಷ ಆ ಮಾತನ್ನು ಮೀರಿರಲಿಲ್ಲ. ಆ ದಿನ ನನ್ನ ಬೆರಳು ತನ್ನಷ್ಟಕ್ಕೆ ಹೋಯಿತು. 'ನಮ್ಮ ಪೂಜ್ಯ ಮಾತೃಶ್ರೀಯವರಾದ' ಎಂದು ಹೊಡೆಯಿತು. ಮುಂದೆ ಅಮ್ಮನ ಹೆಸರು. 'ಇವರು ದೈವಾಧೀನರಾದರೆಂದು ತಿಳಿಸಲು ವಿಷಾದಿಸುತ್ತೇವೆ.' ದಿನಾಂಕದ ಜಾಗಕ್ಕೆ ಆ ದಿನದ ದಿನಾಂಕವನ್ನೇ ಹಾಕಿತು; ಕಾಗದ ಹೊಡೆಯುವಾಗ ಆ ಜಾಗ ಖಾಲಿ ಬಿಟ್ಟು ನನಗೆ ಅಭ್ಯಾಸವಿಲ್ಲ. ಕೆಳಗೆ 'ದುಃಖತಪ್ತರು' ಎಂದು ಹೊಡೆದು ಮನೆಯವರ ಹೆಸರುಗಳನ್ನು ಸಾಲಾಗಿ ಇಟ್ಟೆ. ಮುಗಿದ ಮೇಲೆ ದೂರ ಹಿಡಿದು ನೋಡಿದೆ. 'ತಪ್ತ'ದ ಒತ್ತು ಸರಿಯಾದ ಜಾಗದಲ್ಲಿ ಕೂತಿತ್ತು. ಪರವಾಗಿಲ್ಲ, ಇದು ನಡೆಯುತ್ತದೆ ಅನ್ನಿಸಿತು. ಎಷ್ಟೋ ದಿನಗಳ ನಂತರ ನನಗೆ ಅನ್ನಿಸಿದ್ದು ಅದೊಂದೇ.

ಅಷ್ಟರಲ್ಲಿ ನರ್ಸ್ ಬಾಗಿಲು ತೆಗೆದು ಅಮ್ಮನ ಹೆಸರು ಕೂಗಿದಳು. ಫೋನನ್ನು ಸೈಲೆಂಟಿಗೆ ಹಾಕಿ, ಟ್ಯಾಬ್ ಚೀಲದೊಳಗೆ ತುರುಕಿ ಓಡಿದೆ. ಒಂದು ರುಜು ಬೇಕಿತ್ತು, ಆಮೇಲೆ ಇನ್ನೊಂದು. ಅಮ್ಮನ ಬಾಯಿ ಒರೆಸಿದೆ, ಕಾಲಿಗೆ ಎಣ್ಣೆ ಹಚ್ಚಿದೆ. ಹೊರಗೆ ಬಂದಾಗ ಫೋನಿನಲ್ಲಿ ಅವಳ ಎರಡು ಮಿಸ್ಡ್ ಕಾಲ್ ಇದ್ದವು. ಪ್ರಿಂಟರಿನ ಟೋನರ್ ಮುಗಿದಿರಬೇಕು ಎಂದುಕೊಂಡೆ. ಅನಂತರವೇ ನೆನಪಾದದ್ದು, ಆ ಕಾಗದ ಅಂಗಡಿಯ ಪರದೆಯ ಮೇಲೆ ಹಾಗೇ ತೆರೆದಿದೆ.

ಟ್ಯಾಬ್ ತೆಗೆದೆ. ಸಂಪರ್ಕ ಸಿಗುತ್ತಿಲ್ಲ ಎಂದಿತು. ಇನ್ನೊಮ್ಮೆ ಒತ್ತಿದೆ. ಐದು ಸಲ, ಆರು ಸಲ. ಅವಳಿಗೆ ಫೋನ್ ಮಾಡಿದೆ. ಗಂಟೆ ಹೋಗುತ್ತಿತ್ತು, ಎತ್ತಲಿಲ್ಲ. ನಮ್ಮ ಅಂಗಡಿಯ ಪರದೆ ಕೌಂಟರಿನ ಕಡೆಗೆ ತಿರುಗಿರುತ್ತದೆ, ಗಿರಾಕಿಗಳು ಪ್ರೂಫ್ ನೋಡಲೆಂದು. ಕಾಪುವಿನವರಲ್ಲಿ ಒಬ್ಬರು ಅದರ ಫೋಟೋ ತೆಗೆದು ಕಳುಹಿಸಿದರೆ ಸಾಕು, ಸಂಜೆಯೊಳಗೆ ಅಮ್ಮ ಎಲ್ಲ ವಾಟ್ಸ್ಆ್ಯಪ್ ಗುಂಪುಗಳಲ್ಲಿ ಸತ್ತಿರುತ್ತಾಳೆ. ಕೈಮುಗಿದ ಚಿತ್ರಗಳು ಬಂದು ಬೀಳುತ್ತವೆ. ಅಣ್ಣ ಅದನ್ನು ಬಸ್ಸಿನಲ್ಲಿ ಕೂತು ನೋಡುತ್ತಾನೆ. ಹೊಡೆದವಳು ನಾನು.

ಒಂದು ಗಂಟೆ ಕಳೆದಿರಬೇಕು. ಕಾರಿಡಾರಿನ ತುದಿಯಲ್ಲಿ ಲಿಫ್ಟ್ ತೆರೆಯಿತು, ಅವಳು ಹೊರಗೆ ಬಂದಳು. ಬುರ್ಖಾದ ಅಂಚು ಕೆಸರಾಗಿತ್ತು. ಉಡುಪಿಯಲ್ಲಿ ಬಸ್ಸು ಬದಲಿಸಿ ಬಂದಿದ್ದಳು. ನನ್ನನ್ನು ಅಪ್ಪಿ ಹಿಡಿದು ಅಳಲು ಶುರುಮಾಡಿದಳು. ಸಣ್ಣ ಅಳುವಲ್ಲ. ಅಮ್ಮನ ಹಪ್ಪಳ, ಅಮ್ಮನ ಬೈಗುಳ, ಕಳೆದ ತಿಂಗಳು ಅಮ್ಮ ಹೇಳಿದ ಯಾವುದೋ ಮಾತು, ಎಲ್ಲ ಆ ಅಳುವಿನಲ್ಲಿ ಬಂತು. ನನ್ನ ಭುಜ ಒದ್ದೆಯಾಯಿತು. ನನ್ನ ತಾಯಿಗಾಗಿ ಹೀಗೆ ಅಳಬೇಕು ಎಂದು ನಾನು ಅವಳನ್ನು ನೋಡಿ ತಿಳಿದುಕೊಂಡೆ.

"ಅಮ್ಮ ಇದ್ದಾಳೆ," ಎಂದೆ. "ಒಳಗೆ ಇದ್ದಾಳೆ. ಹೋಗಿಲ್ಲ."

ಅಳು ನಿಂತಿತು. ಅವಳು ಹಿಂದೆ ಸರಿದು ನನ್ನ ಮುಖ ನೋಡಿದಳು. "ಮತ್ತೆ ಅದು ಎಂತ?"

"ಟ್ರಯಲ್‌ಗೆ ಹೊಡೆದದ್ದು."

ಅವಳು ನಾಲ್ಕನೆಯ ಕುರ್ಚಿಯಲ್ಲಿ ಕುಸಿದು ಕೂತಳು. ಸಾಲಿನಲ್ಲಿದ್ದವರೆಲ್ಲ ನಮ್ಮನ್ನೇ ನೋಡುತ್ತಿದ್ದರು. "ಟ್ರಯಲ್‌ಗೆ," ಎಂದಳು. "ಮದುವೆ ಕಾಗದ ಹೊಡೀಲಿಕ್ಕೆ ಆಗ್ತಿರ್ಲಿಲ್ವಾ ನಿಮಗೆ? ಎರಡು ಸಲ ಫೋನ್ ಮಾಡಿದೆ, ತೆಗೀಲಿಲ್ಲ. ಆಯಿತು, ಹೋದರು ಅಂತ ಲೆಕ್ಕ ಹಾಕಿದೆ. ನಿಮ್ಮ ಅಣ್ಣನಿಗೆ ಫೋನ್ ಮಾಡ್ಲಿಕ್ಕೆ ಧೈರ್ಯ ಬರಲಿಲ್ಲ. ಬಸ್ಸಿನಲ್ಲಿ ಫೋನ್ ಬಡೀತಾ ಇತ್ತು, ನೋಡುವ ಸ್ಥಿತಿಯಲ್ಲಿ ನಾನಿರಲಿಲ್ಲ."

"ಯಾರಾದರೂ ನೋಡಿದರಾ?"

"ಯಾರೂ ನೋಡಲಿಲ್ಲ. ಶಟರ್ ಅರ್ಧ ಎತ್ತಿದ್ದೆ ಅಷ್ಟೆ." ಮೂಗು ಒರೆಸಿಕೊಂಡಳು. "ಅದರಲ್ಲಿ ಒಂದು ತಪ್ಪು ಇತ್ತು."

"ಎಂತ ತಪ್ಪು?"

"ಕೆಳಗೆ ನಿಮ್ಮ ಹೆಸರು ಇರಲಿಲ್ಲ. ಅಣ್ಣ ಇದ್ದರು, ಅತ್ತಿಗೆ ಇದ್ದರು, ಮೊಮ್ಮಕ್ಕಳು ಇದ್ದರು. ಬಂಧು ಮಿತ್ರರೂ ಇದ್ದರು. ನೀವಿರಲಿಲ್ಲ."

ನಾನು ಮನಸ್ಸಿನಲ್ಲೇ ಆ ಸಾಲುಗಳನ್ನು ಮತ್ತೆ ಓದಿದೆ. ಅವಳು ಹೇಳಿದ್ದು ನಿಜ. ಊರಿನವರ ದುಃಖವನ್ನೆಲ್ಲ ಹೊಡೆದವಳಿಗೆ ತನ್ನದು ಬಿಟ್ಟುಹೋದದ್ದು ಗೊತ್ತಾಗಿರಲಿಲ್ಲ. "ಅಳುತ್ತಾ ಪ್ರೂಫ್ ನೋಡಿದೆಯಾ?" ಎಂದು ಕೇಳಿದೆ.

"ಮತ್ತೆ? ತಪ್ಪಿದ್ದರೆ ಹಾಗೇ ಬಿಟ್ಟು ಬರ್ಲಿಕ್ಕೆ ಆಗ್ತದಾ? ನಿಮ್ಮ ಹೆಸರು ಸೇರಿಸಿ, ಸೇವ್ ಮಾಡಿ, ಮೈನ್ ಸ್ವಿಚ್ ಆಫ್ ಮಾಡಿ ಬಂದೆ."

ನಾಲ್ಕು ಗಂಟೆಗೆ ಒಳಗೆ ಬಿಡುವಾಗ ನನ್ನ ಬದಲು ಅವಳನ್ನು ಕಳುಹಿಸಿದೆ. ಐದು ನಿಮಿಷ ಬಿಟ್ಟು ಬಂದಳು. ಅಮ್ಮನ ಕೈ ಬೆಚ್ಚಗೆ ಉಂಟು ಎಂದಳು. ಆಮೇಲೆ ನನ್ನ ಮೇಲಿನ ಸಿಟ್ಟು ನೆನಪಾಗಿ ಮಾತು ಬಿಟ್ಟು ಹೋದಳು.

ಮರುದಿನ ಅವಳು ಅಂಗಡಿ ತೆರೆದ ಮೇಲೆ ಟ್ಯಾಬ್‌ನಲ್ಲಿ ನೋಡಿದೆ. ನೀಲಿ ಗುಡ್ಡ ಮಾತ್ರ ಇತ್ತು. ಕಾಗದವಿಲ್ಲ, ಅದರ ಜೊತೆ ಅವಳು ಸೇರಿಸಿದ ನನ್ನ ಹೆಸರೂ ಇಲ್ಲ. ರಿಪೇರಿಯವನಿಗೆ ಹೇಳಿದರೆ, "ಆಫ್ ಮಾಡಿದರೆ ಹೋಗುತ್ತದೆ ಅಂತ ಮೊದಲೇ ಹೇಳಿದ್ದೆ ಅಲ್ವಾ?" ಎಂದ. ಹೇಳಿದ್ದ. ಟ್ರಯಲ್ ಸಾಕು, ಇನ್ನು ಹಾಕಿಯೇ ಬಿಡು, ಸೇವ್ ಮಾಡಿದ್ದು ಉಳಿಯುವ ಹಾಗೆ ಮಾಡು ಎಂದೆ. ಅವನು ಅದೇ ದಿನ ಹಾಕಿದ.

ಹನ್ನೊಂದನೆಯ ದಿನ ಬೆಳಿಗ್ಗೆ ಅಮ್ಮ ತೀರಿಕೊಂಡಳು. ಎಲ್ಲೆಲ್ಲಿ ರುಜು ಹಾಕಬೇಕೋ ಹಾಕಿದೆ. ಕಾರ್ಕಳಕ್ಕೆ ತಂದೆವು, ಅಂದೇ ಸಂಸ್ಕಾರವಾಯಿತು. ಬಂದವರಿಗೆಲ್ಲ ನಾನು ನೀರು ಕೊಟ್ಟೆ, ಕುರ್ಚಿ ಹಾಕಿದೆ. ಎಷ್ಟು ಗಟ್ಟಿ ಹೆಂಗಸು ಎಂದು ಯಾರೋ ಅಂದದ್ದು ಕಿವಿಗೆ ಬಿತ್ತು. ಗಟ್ಟಿಯೂ ಇರಲಿಲ್ಲ, ಏನೂ ಇರಲಿಲ್ಲ.

ಮೂರನೆಯ ದಿನ ಅವಳ ಫೋನ್ ಬಂತು. "ಅಕ್ಕ, ಬೊಜ್ಜದ ಕಾಗದ ನೀವು ಹೊಡೆಯುವುದು ಬೇಡ. ನಾನು ಹೊಡೀತೇನೆ. ನೀವು ಅಲ್ಲಿಂದ ನೋಡಿ, ಸಾಕು."

ಅಣ್ಣನ ಮನೆಯ ಜಗಲಿಯಲ್ಲಿ ಕೂತು ಟ್ಯಾಬ್ ತೆರೆದೆ. ಅಣ್ಣ ಪಕ್ಕದಲ್ಲಿದ್ದ. ಕಾಪುವಿನಲ್ಲಿ ಅವಳು ಹೊಡೆಯುತ್ತಿದ್ದಳು, ಕಾರ್ಕಳದಲ್ಲಿ ನಾವು ಅಕ್ಷರಗಳು ಒಂದೊಂದಾಗಿ ಬರುವುದನ್ನು ನೋಡುತ್ತಿದ್ದೆವು. ಅಮ್ಮನ ಹೆಸರು ಬಂತು. ದಿನಾಂಕ ಬಂತು, ಈ ಸಲ ಸರಿಯಾದದ್ದು. 'ದುಃಖತಪ್ತರು' ಎಂದು ಬಂತು. ಅದರ ಕೆಳಗೆ ಮೊದಲು ಮಗನ ಹೆಸರು ಬರಬೇಕು, ಹೆಣ್ಣುಮಕ್ಕಳದು ಆಮೇಲೆ. ಹದಿನಾಲ್ಕು ವರ್ಷಗಳಲ್ಲಿ ಈ ಕ್ರಮ ಅವಳಿಗೆ ನನಗಿಂತ ಚೆನ್ನಾಗಿ ಗೊತ್ತು. ಬಾಣ ಸ್ವಲ್ಪ ಹೊತ್ತು ನಿಂತಿತು. ಆಮೇಲೆ ಮೊದಲ ಸಾಲಿನಲ್ಲಿ ನನ್ನ ಹೆಸರು ಬಂತು.

ಕೆಳಗೆ ಎಳೆದು ಹಾಕಲು ಬೆರಳು ಚಾಚಿದೆ. ಅಣ್ಣ ನನ್ನ ಕೈ ಹಿಡಿದ. "ಇರಲಿ," ಎಂದ.

ಆಗ ಬಂತು. ಎಲ್ಲಿತ್ತೋ ಗೊತ್ತಿಲ್ಲ, ಒಮ್ಮೆಗೇ ಬಂತು. ಕಣ್ಣೀರು ಟ್ಯಾಬ್‌ನ ಮೇಲೆ ಬೀಳುತ್ತಿತ್ತು. ಆ ಗಾಜಿಗೆ ಬೆರಳೂ ಒಂದೇ ನೀರೂ ಒಂದೇ, ಹನಿ ಬಿದ್ದ ಕಡೆಗೆಲ್ಲ ಬಾಣ ಜಿಗಿಯುತ್ತಿತ್ತು. ಅಮ್ಮನ ಹೆಸರಿನ ಮೇಲೆ, ದಿನಾಂಕದ ಮೇಲೆ, ಖಾಲಿ ಜಾಗದಲ್ಲಿ. ಪಕ್ಕದಲ್ಲಿದ್ದ ಫೋನ್ ಬಡಿಯಿತು. ಅಣ್ಣ ಎತ್ತಿ ನನ್ನ ಕಿವಿಗೆ ಹಿಡಿದ.

"ಅಕ್ಕ, ಇಲ್ಲಿ ಬಾಣ ಎಲ್ಲೆಲ್ಲಿಗೋ ಓಡ್ತಾ ಉಂಟು. ಎಂತ ಮಾಡ್ತಾ ಇದ್ದೀರಿ?"

ಅವಳಿಗೆ ಕೇಳಿಸಿದ್ದು ಅಳು ಮಾತ್ರ.

"ಆಗಲಿ ಅಕ್ಕ," ಎಂದಳು. "ನಾನು ಯಾವುದಕ್ಕೂ ಕೈ ಹಾಕುವುದಿಲ್ಲ. ನೀವು ಮುಗಿಸಿ, ನಾನು ಕಾಯ್ತೇನೆ."