ಕ್ಷೌರಿಕನ ಮನೆಯ ಕಂಬಳಿ

ಆ ಬೀದಿಯ ಕ್ಷೌರಿಕನಿಗೆ ಮಾತಿನ ಮಾಮ ಎಂಬ ಹೆಸರು ಬಿದ್ದು ಎಷ್ಟೋ ಕಾಲವಾಗಿತ್ತು. ಗಿರಾಕಿಯ ಕುತ್ತಿಗೆಗೆ ಬಟ್ಟೆ ಕಟ್ಟಿದರೆ ಸಾಕು, ಮಾತು ಶುರು. ಕತ್ತಿ ಗಂಟಲ ಹತ್ತಿರ ಇರುವಾಗ ಎದುರಾಡುವ ಧೈರ್ಯ ಯಾರಿಗಿದೆ? ಎಲ್ಲರೂ ಹೂಂಗುಟ್ಟಿ ಎದ್ದು ಹೋಗುತ್ತಿದ್ದರು. ಅದು ತನ್ನ ತಿಳಿವಳಿಕೆಗೆ ಸಂದ ಮರ್ಯಾದೆ ಎಂದೇ ಅವನು ನಂಬಿದ್ದ. ಅವನ ಸ್ವಂತ ತಲೆ ಮಾತ್ರ ಅಂಗಡಿಯ ಕನ್ನಡಿಯಷ್ಟೇ ನುಣುಪು.

ಹೆಂಡತಿಯ ತಮ್ಮ ಮನೆ ಬದಲಿಸುವಾಗ ತನ್ನ ನಾಯಿಯನ್ನು ಇವರಲ್ಲಿ ಬಿಟ್ಟುಹೋದ. ಮೈತುಂಬ ದಟ್ಟ ಕೂದಲಿನ ಅದನ್ನು ಎಲ್ಲರೂ ಕಂಬಳಿ ಎಂದೇ ಕರೆದರು. ಚಳಿಯಲ್ಲಿ ಕಾಲ ಬಳಿ ಮಲಗಿದರೆ ಹಿತವಾಗಿತ್ತು. ಸೆಕೆ ಶುರುವಾದದ್ದೇ ತಡ, ಒಳಗಿನ ತುಪ್ಪಳ ಉದುರತೊಡಗಿತು. ಮಂಚದ ಕೆಳಗೆ, ಒಗೆದು ಮಡಿಸಿದ ಬಟ್ಟೆಯಲ್ಲಿ, ಕೊನೆಗೆ ಹಾಲಿನ ಲೋಟದಲ್ಲೂ ಅದೇ.

"ಅಂಗಡೀಲಿ ದಿನವಿಡೀ ಕೂದಲು ಗುಡಿಸ್ತೀನಿ, ಇಲ್ಲೂ ಅದೇನಾ? ಮಷೀನ್ ಹಿಡಿದು ಬೋಳಿಸಿಬಿಡ್ತೀನಿ!"

"ಬೇಡ ರೀ," ಎಂದಳು ಹೆಂಡತಿ. "ಮೇಲಿನ ಕೂದಲೇ ಬಿಸಿಲು ತಡೆಯೋದು, ಒಳಗಿನ ಸತ್ತ ಕೂದಲು ಮಾತ್ರ ಬಾಚಿ ತೆಗೀರಿ ಅಂತ ಡಾಕ್ಟ್ರು ಹೇಳಿಲ್ವಾ? ಉಗುರಲ್ಲಿ ಹೋಗೋದಕ್ಕೆ ಕೊಡಲಿ ಯಾಕೆ?"

"ಕೂದಲ ವಿಷಯ ನನಗೇ ಹೇಳ್ತೀಯಾ?"

"ನಿಮ್ಮ ತಲೆ ನೋಡಿದ್ರೆ ಹೇಳ್ಬೇಕು ಅನ್ಸುತ್ತೆ."

ಈ ಮಾತು ಅವನಿಗೆ ನಾಟಿತು. ಹೆಂಡತಿ ಪಕ್ಕದ ಬೀದಿಯ ಅಕ್ಕನ ಮನೆಗೆ ಹೋದ ಸಮಯ ನೋಡಿ ಕಂಬಳಿಯನ್ನು ಅಂಗಡಿಗೆ ಎಳೆತಂದ. ಅಭ್ಯಾಸಬಲದಿಂದ ಅದರ ಕೊರಳಿಗೂ ಬಟ್ಟೆ ಕಟ್ಟಿ, ಲೋಕದ ಸಮಾಚಾರ ಹೇಳುತ್ತಲೇ ಮಷೀನ್ ಚಾಲೂ ಮಾಡಿದ. ಬೆನ್ನ ಮೇಲೆ ಒಂದು ಗೆರೆ ಎಳೆದಿದ್ದನೋ ಇಲ್ಲವೋ, ನಾಯಿ ಬಟ್ಟೆಯ ಸಮೇತ ಬೀದಿಗೆ ಹಾರಿತು.

ಎದುರಿನ ದರ್ಜಿ ಕೂಗಿ ಹೇಳಿದ: "ಮಾಮ, ನಿಮ್ಮ ಗಿರಾಕಿ ಅರ್ಧಕ್ಕೇ ಎದ್ದುಹೋದ್ರು!"

ನಾಯಿ ನೆಟ್ಟಗೆ ಓಡಿ ನಿಂತದ್ದು ಹೆಂಡತಿಯ ಕಾಲ ಬುಡದಲ್ಲಿ. ಅವಳು ಅದನ್ನು ಕರೆತಂದಾಗ ಮಾಮ, "ಇದೊಂದು ಹೊಸ ಫ್ಯಾಷನ್ನು," ಎಂದು ಹೇಳಿ ನೋಡಿದ. ಜಟ್ಟಿ ಬಿದ್ದರೂ ಮೀಸೆ ಮಣ್ಣಾಗಬಾರದಲ್ಲ! ಅವಳು ಉಕ್ಕಿನ ಬಾಚಣಿಗೆಯೊಂದನ್ನು ಅವನ ಕೈಗಿಟ್ಟು ಒಳಗೆ ಹೋದಳು.

ಅಂದಿನಿಂದ ಅವನ ದನಿ ಕೇಳಿದರೆ ಸಾಕು, ಕಂಬಳಿ ಮಂಚದಡಿ ನುಸುಳುತ್ತಿತ್ತು. ಬೀದಿಯವರ ನಗುವಿಗಿಂತ ಅದೇ ಅವನನ್ನು ಹೆಚ್ಚು ನೋಯಿಸಿತು.

"ಸ್ವಲ್ಪ ಸುಮ್ನಿರಿ. ನಿಮ್ಮ ಬಾಯಿ ಶುರುವಾದ್ರೆ ಮಷೀನೂ ಶುರುವಾಗುತ್ತೆ ಅನ್ಕೊಂಡಿದೆ ಪಾಪ," ಎಂದಳು ಹೆಂಡತಿ.

ಮಾಮ ತುಟಿ ಹೊಲಿದುಕೊಂಡ. ಅಂಗಡಿಯ ಹಿಂದಿನ ಮೆಟ್ಟಿಲ ಮೇಲೆ, ಬಾಚಣಿಗೆ ಪಕ್ಕಕ್ಕಿಟ್ಟು, ದಿನಾ ಸುಮ್ಮನೆ ಕೂತ. ಕಂಬಳಿ ಮೊದಲು ದೂರದಿಂದ ನೋಡಿತು, ಆಮೇಲೆ ಬಾಚಣಿಗೆ ಮೂಸಿತು, ಒಂದು ದಿನ ಅವನಿಗೆ ಬೆನ್ನು ಕೊಟ್ಟು ಕೂತೇಬಿಟ್ಟಿತು. ಅವನು ಒಂದು ಕೈಯಲ್ಲಿ ಮೇಲಿನ ಕೂದಲು ಸರಿಸಿ, ಇನ್ನೊಂದರಲ್ಲಿ ಒಳಗಿನದನ್ನು ಮೆಲ್ಲಗೆ ಬಾಚಿದ. ಹಿಂಜಿದ ಹತ್ತಿಯಂತೆ ರಾಶಿ ರಾಶಿ ಬಂತು. ಕಿವಿಯ ಹಿಂದಿನ ಗಂಟನ್ನು ಎಳೆಯದೆ ಬೆರಳಲ್ಲೇ ಬಿಡಿಸಿದ. ಕಂಬಳಿ ನಿಟ್ಟುಸಿರು ಬಿಟ್ಟು ಇಡೀ ಭಾರವನ್ನು ಅವನ ಮೊಣಕಾಲ ಮೇಲೆ ಹಾಕಿತು. ಮಾಮ ಬಾಚಣಿಗೆಯನ್ನು ಮೆಲ್ಲಗೆ ಅದರ ಹೊಟ್ಟೆಯ ಕಡೆಗೆ ಹೊರಳಿಸಿದ.

ಅಷ್ಟರಲ್ಲಿ ಹಳೆಯ ಗಿರಾಕಿ ಮೇಷ್ಟ್ರು ಗಡ್ಡ ಕೆರೆಯುತ್ತ ಹಿಂಬಾಗಿಲಿಗೇ ಬಂದರು. "ಎಷ್ಟು ಹೊತ್ತಪ್ಪಾ?"

"ಶ್... ಇವನ ಹೊಟ್ಟೆ ಕಡೆ ಬಾಕಿ ಇದೆ. ಈಗ ತಾನೇ ಕಣ್ಣು ಮುಚ್ಚಿದಾನೆ."

ಮೇಷ್ಟ್ರು ಒಳಗೆ ಹೋಗಿ ಕುರ್ಚಿಯಲ್ಲಿ ಕೂತರು. ಆ ಅಂಗಡಿಯಲ್ಲಿ ಮೊದಲ ಬಾರಿಗೆ, ಪೇಪರನ್ನು ಮೊದಲ ಪುಟದಿಂದ ಕೊನೆಯ ಪುಟದವರೆಗೆ ನೆಮ್ಮದಿಯಾಗಿ ಓದಿದರು.