ರೀಸೆಟ್ ಒತ್ತುತ್ತಿದ್ದ ರೈಟರ್

ಮೊನ್ನೆ ವನಗೂರಿನ ಎಸ್ಟೇಟೊಂದರಲ್ಲಿ ಮೋಟಾರು ನಡೆಸುವ ಡ್ರೈವ್ ಪೆಟ್ಟಿಗೆಯ ಬಾಗಿಲು ತೆರೆದಾಗ, ಕಾದ ವಾರ್ನಿಷಿನ ವಾಸನೆಯೂ ಕಾಫಿ ಹಣ್ಣಿನ ಹುಳಿ ವಾಸನೆಯೂ ಒಟ್ಟಿಗೆ ಮೂಗಿಗೆ ಬಡಿದವು. ಯಸಳೂರು ಕಡೆಯ ಕಾಫಿ ತೋಟವೊಂದರ ರೈಟರ್ ನೆನಪಾಗಿಬಿಟ್ಟರು...

ತೋಟದ ಆಳುಕಾಳು, ಸ್ಟೋರು, ಹಣ್ಣಿನ ಸಿಪ್ಪೆ ಬಿಡಿಸುವ ಪಲ್ಪರ್ ಎಲ್ಲ ಅವರ ಉಸ್ತುವಾರಿ. ಒಂದು ಕಡೆ ಕೂತವರೇ ಅಲ್ಲ. ಪಲ್ಪರಿನ ಮೋಟಾರಿಗೆ ಡ್ರೈವ್ ಕೂರಿಸಿಕೊಟ್ಟವನು ನಾನು. ಹೊರೆ ಹೆಚ್ಚಾದರೆ, ಬಿಸಿ ಏರಿದರೆ ಅದು ಮೋಟಾರು ನಿಲ್ಲಿಸಿ ಪರದೆಯ ಮೇಲೆ ಒಂದು ಕೋಡ್ ತೋರಿಸುತ್ತದೆ. ಕೋಡ್ ನೋಡಿ, ಕಾರಣ ಹುಡುಕಿ, ಆಮೇಲೆ ರೀಸೆಟ್ ಒತ್ತಬೇಕು. ಇವರು ಮೊದಲೇ ಒತ್ತುವವರು. ಮತ್ತೆ ನಿಂತರೆ ಮತ್ತೆ ಒತ್ತಿ, ಕೊನೆಗೆ ನನಗೆ ಫೋನು. ಪೂರ್ತಿ ಬೈಯುವಂತೆಯೂ ಇರಲಿಲ್ಲ. ಕೊಯ್ದ ಹಣ್ಣಿನ ಸಿಪ್ಪೆಯನ್ನು ಅಂದೇ ತೆಗೆಯದಿದ್ದರೆ ಬೀಜ ಕೆಡುತ್ತದೆ.

ಒಮ್ಮೆ ಬಿಸಿಯ ಕೋಡ್ ಪದೇ ಪದೇ ಬರುತ್ತಿದೆ ಎಂದರು. ಹೋಗಿ ನೋಡಿದರೆ, ಮಂಜಿಗೆ ಥಂಡಿ ಹಿಡಿದೀತೆಂದು ಪೆಟ್ಟಿಗೆಗೆ ಕಂಬಳಿ ಹೊದಿಸಿದ್ದಾರೆ. ಒಳಗಿನ ಫ್ಯಾನಿಗೆ ಗಾಳಿಯೇ ಇಲ್ಲ. ನಾನು ಬಿದ್ದು ಬಿದ್ದು ನಕ್ಕೆ, ಅವರೂ ನಕ್ಕರು.

ಕೊನೆಯ ಸಲ ಹೋದಾಗ ಕೋಡ್ ಹೊರೆಯದು. ಪಲ್ಪರಿನೊಳಗೆ ಕಲ್ಲು ಸಿಕ್ಕಿಕೊಂಡಿತ್ತು, ಹೊರಗೆ ಹಣ್ಣು ಗುಡ್ಡೆ ಬಿದ್ದಿತ್ತು. ನಾನು ಕಲ್ಲು ತೆಗೆದು ಏಳುವಷ್ಟರಲ್ಲಿ ಅವರು ಎದೆ ಒತ್ತಿಕೊಂಡು ಮೆಟ್ಟಿಲ ಮೇಲೆ ಕೂತರು. ಮುಖವೆಲ್ಲ ಬೆವರು. ಜೀಪ್ ಇದೆ, ಸಕಲೇಶಪುರದ ಆಸ್ಪತ್ರೆಗೆ ಹೋಗೋಣ ಎಂದು ಬೇಡಿಕೊಂಡೆ. ಸೋಡಾ ತರಿಸಿ ಕುಡಿದು ಎದ್ದೇಬಿಟ್ಟರು.

“ಗ್ಯಾಸು ಕಣೋ ಮಾರಾಯ. ಹಣ್ಣು ಮುಗೀಲಿ, ಹೋಗಾನ.”

“ನಾನು ನೋಡ್ಕತೀನಿ, ನೀವು ಹೊರಡಿ ಅಣ್ಣ.”

“ನಿಂಗೆ ಮಿಷಿನ್ ಗೊತ್ತೈತೆ, ಹಣ್ಣು ಗೊತ್ತಿಲ್ಲ” ಎಂದು ರೀಸೆಟ್ ಒತ್ತಿದರು.

ಸಂಜೆ ಹಣ್ಣು ಮುಗಿಯಿತು. ಆಮೇಲಷ್ಟೇ ಜೀಪು ಹತ್ತಿದರು. ದಾರಿಯುದ್ದಕ್ಕೂ ಮಾರನೆಯ ದಿನದ ಕೊಯ್ಲಿನದೇ ಮಾತು. ಒಂದು ತಿರುವಿನಲ್ಲಿ ಮಾತು ನಿಂತಿತು... ಸಕಲೇಶಪುರ ಇನ್ನೂ ದೂರವಿತ್ತು.

ತಿಥಿಯ ಊಟದಲ್ಲಿ ಮಾಲೀಕರು, ಆ ದಿನದ ಒಂದು ಬೀಜವೂ ಕೆಟ್ಟಿರಲಿಲ್ಲ ಎಂದು ಹೊಗಳಿದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು. ನಾನು ಮಾತ್ರ ಅರ್ಧಕ್ಕೇ ಎಲೆ ಮಡಚಿ, ಸಿಟ್ಟಿನಿಂದ ಎದ್ದುಬಿಟ್ಟೆ. ಆ ಸಿಟ್ಟು ಇವತ್ತಿಗೂ ಆರಿಲ್ಲ, ಯಾರ ಮೇಲೆ ಎಂಬುದೂ ತಿಳಿಯದು.

ಈಗ ಕೊಯ್ಲು ಶುರುವಾದರೆ ನನಗೆ ಕೂತಲ್ಲಿ ಕೂರಲಾಗುವುದಿಲ್ಲ. ಯಾರ ಫೋನು ಬಂದರೂ, ಕೋಡ್ ಯಾವುದು ಎನ್ನುವ ಮೊದಲು, ನಿಮಗೆ ಹೇಗಿದೆ ಎಂದು ಕೇಳಿಬಿಡುತ್ತೇನೆ. ನಗುತ್ತಾರೆ. ನಗಲಿ. ಕೇಳಬೇಕಿದ್ದ ಒಬ್ಬರ ಫೋನು ಮಾತ್ರ ಇನ್ನು ಬರುವುದಿಲ್ಲ.