ಕಿಟಕಿಯ ಬೆಳಕಿನಲ್ಲಿ ಕಂಡ ಹೊಗೆ

“ಈ ಹೊಗೆ ಬಿಟ್ಟವರು ಯಾರು?” ಎನ್ನುತ್ತ ಛಾಯಾಗ್ರಾಹಕರು ಕ್ಯಾಮೆರಾದಿಂದ ಕಣ್ಣು ತೆಗೆದರು. ಯಾರೂ ಬಿಟ್ಟಿರಲಿಲ್ಲ.

ಶಿಕಾಗೊ ಬಳಿಯ ವುಡ್‌ರಿಡ್ಜ್‌ನ ನಮ್ಮ ಮನೆಯಲ್ಲಿ ಅಂದು ಮಗಳ ಕಿರುಚಿತ್ರದ ಶೂಟಿಂಗ್ ನಡೆಯುತ್ತಿತ್ತು. ಕ್ಯಾಮೆರಾ ಹಿಡಿದಿದ್ದವರು ಅವಳ ಕಾಲೇಜಿನ ಮೇಷ್ಟ್ರು, ಸರ್ಬಿಯಾದವರು. ಬೆಲ್‌ಗ್ರೇಡ್‌ನಲ್ಲಿ ಕೆಲಸ ಶುರುಮಾಡಿದಾಗಿನಿಂದ ಕಿಟಕಿಯ ಬೆಳಕನ್ನೇ ನಂಬಿ ಚಿತ್ರ ತೆಗೆದವರು. ಬಿಸಿಲ ಕೋಲು ಎದ್ದು ಕಾಣಲೆಂದು ಉಳಿದವರು ಯಂತ್ರದಿಂದ ಹೊಗೆ ಬಿಡುತ್ತಾರಂತೆ. ಇವರು ಒಮ್ಮೆಯೂ ಬಿಟ್ಟವರಲ್ಲ. ಈಗ ಆ ಬಿಸಿಲಿನಲ್ಲಿ ತೆಳುವಾದ ನೀಲಿ ಎಳೆಯೊಂದು ತೇಲುತ್ತಿತ್ತು. ನಾನು ಅದನ್ನು ನೋಡಿ, ಚೆನ್ನಾಗಿದೆ ಅಂದುಕೊಂಡಿದ್ದೆ.

ಅವರು ಒಮ್ಮೆ ಮೂಸಿದವರೇ ಬೇಸ್‌ಮೆಂಟಿನ ಬಾಗಿಲಿನತ್ತ ಓಡಿದರು. ನಮ್ಮ ಜೊತೆಗಿರುವ ಅಮ್ಮನ ಜೋರು ದನಿಯಿಂದ ಶೂಟಿಂಗ್‌ಗೆ ತೊಂದರೆಯಾಗಬಾರದೆಂದು ನಾನೇ ಅವಳನ್ನು ಅಲ್ಲಿ ಕೂರಿಸಿದ್ದೆ. ನಾನೂ ಅವರ ಹಿಂದೆಯೇ ಓಡಿದೆ. ಪಕ್ಕದ ಕೋಣೆಯಲ್ಲಿ ಹಳೆಯ ಫ್ರೀಜರ್‌ನ ವೈರು ಸುಟ್ಟು ಹೊಗೆ ತುಂಬುತ್ತಿತ್ತು. ಅಲಾರಂ ಇನ್ನೂ ಕೂಗಿರಲಿಲ್ಲ. ನಾವಿಬ್ಬರೂ ಅಮ್ಮನ ತೋಳು ಹಿಡಿದು ಮೆಟ್ಟಿಲು ಹತ್ತಿಸಿ, ಎಲ್ಲರನ್ನೂ ಹೊರಗೆ ಕರೆತಂದೆವು.

ಹುಲ್ಲಿನ ಮೇಲೆ ಕೂತು, ಮನಸಾರೆ ಕೆಮ್ಮಿ ಮುಗಿಸಿ ಅಮ್ಮ ಹೇಳಿದಳು: “ಸಿನಿಮಾದವರು ಬಿಟ್ಟ ಹೊಗೆ ಅಂದ್ಕೊಂಡೆ ಕಣೇ. ಸದ್ದು ಮಾಡ್ಬೇಡ ಅಂದಿದ್ಯಲ್ಲ, ಕೆಮ್ಮು ಬಂದ್ರೂ ಸೆರಗು ಕಚ್ಕೊಂಡು ಕೂತಿದ್ದೆ.”

ಅಗ್ನಿಶಾಮಕ ದಳದವರು ಬಂದು ಬೆಂಕಿ ಹತ್ತುವ ಮೊದಲೇ ಎಲ್ಲ ಸರಿಪಡಿಸಿದರು. ಮೇಷ್ಟ್ರು ಬೆವರೊರೆಸಿಕೊಂಡು ಅಮ್ಮನ ಪಕ್ಕದಲ್ಲೇ ಕೂತರು.

ಈಗ ಅಮ್ಮ ಮೈಸೂರಿನ ಚಿಕ್ಕಮ್ಮನ ಜೊತೆ ಫೋನಿನಲ್ಲಿ ಗಂಟಲು ಹರಿಯುವಂತೆ ಮಾತಾಡುತ್ತಿದ್ದರೂ ನಾನು ಕೋಣೆಯ ಬಾಗಿಲು ಮುಚ್ಚುವುದಿಲ್ಲ. ಆ ದನಿ ಕೇಳಿಸುತ್ತಿದ್ದರೆ ನನಗೆ ನೆಮ್ಮದಿ.